ಓದುಗರ ಪ್ರಶ್ನೆಗೆ ಉತ್ತರ: ಶ್ವೇತಭವನದ ಒಳಮಾತು ಹೊರಬರುವ ದಾರಿ

ಅಮೆರಿಕದ ಅಧ್ಯಕ್ಷರ ಬಗ್ಗೆ ಪತ್ರಕರ್ತರೂ ಒಳಗಿದ್ದವರೂ ಬರೆಯುವ ಪುಸ್ತಕಗಳ ಕುರಿತು ಕೊಡಗಿನ ಓದುಗರು ಕಳುಹಿಸಿರುವ ಪ್ರಶ್ನೆಗಳನ್ನು ಈ ಸಂಚಿಕೆಯಲ್ಲಿ ಒಟ್ಟಿಗೆ ತೆಗೆದುಕೊಂಡಿದ್ದೇವೆ.

ಪ್ರಶ್ನೆ: ಮುಚ್ಚಿದ ಕೋಣೆಯಲ್ಲಿ ಅಧ್ಯಕ್ಷರು ಆಡಿದ ಮಾತನ್ನು ಪತ್ರಕರ್ತರು ಉದ್ಧರಣ ಚಿಹ್ನೆ ಹಾಕಿಯೇ ಬರೆಯುತ್ತಾರೆ. ಅವರೇನು ಅಲ್ಲಿ ಕೂತಿದ್ದರೇ? ಇದನ್ನು ಎಷ್ಟು ನಂಬಬಹುದು?
— ಓದುಗರು, ಮಡಿಕೇರಿ

ಉತ್ತರ: ಆ ಮಾತು ಎಲ್ಲಿಂದ ಬಂತು ಎಂಬುದರ ಮೇಲೆ ನಂಬಿಕೆ ನಿಂತಿದೆ. ಎಲ್ಲಕ್ಕಿಂತ ಗಟ್ಟಿ ಧ್ವನಿಮುದ್ರಣ. ಅದರ ನಂತರ ಅದೇ ದಿನ ಬರೆದಿಟ್ಟ ಟಿಪ್ಪಣಿ, ದಿನಚರಿ, ಫೋನಿನ ಮಾತು ಕೇಳುತ್ತಾ ಕಾರ್ಯದರ್ಶಿಗಳು ಬೆರಳಚ್ಚು ಮಾಡಿದ ಪ್ರತಿ. ಅಧ್ಯಕ್ಷ ನಿಕ್ಸನ್ ಅವರ ಭದ್ರತಾ ಸಲಹೆಗಾರರಾಗಿದ್ದ ಹೆನ್ರಿ ಕಿಸಿಂಜರ್ ಅವರ ಫೋನ್ ಮಾತುಗಳು ಉಳಿದದ್ದು ಈ ಕೊನೆಯ ರೀತಿಯಲ್ಲಿ. ತಿಂಗಳುಗಳು ಕಳೆದ ಮೇಲೆ ಸಂದರ್ಶನದಲ್ಲಿ ನೆನಪಿನಿಂದ ಹೇಳಿದ್ದು ಇವೆಲ್ಲದರ ಕೆಳಗೆ. ಪತ್ರಕರ್ತ ಬಾಬ್ ವುಡ್‌ವರ್ಡ್ ಅವರಂಥವರ ಪುಸ್ತಕಗಳಲ್ಲಿ ಬಹುಪಾಲು ಸಂಭಾಷಣೆ ಈ ಕೊನೆಯ ಬಗೆಯದು. ಕೋಣೆಯಲ್ಲಿದ್ದ ಹಲವರನ್ನು ಬೇರೆಬೇರೆಯಾಗಿ ಕೇಳಿ, ಅವರ ಬಳಿ ಟಿಪ್ಪಣಿಯಿದ್ದರೆ ಅದನ್ನೂ ನೋಡಿ, ಹೊಂದಿಕೆಯಾದ ಮಾತನ್ನು ಕಟ್ಟುತ್ತಾರೆ. ಹೇಳಿದವರ ಹೆಸರು ಬರುವುದಿಲ್ಲ.

ಓದುವಾಗ ಒಂದು ಕೆಲಸ ಮಾಡಿ. ಪ್ರತಿ ದೃಶ್ಯದ ಪಕ್ಕದಲ್ಲಿ ಆ ಕೋಣೆಯಲ್ಲಿ ಯಾರ್‍ಯಾರಿದ್ದರು ಎಂದು ಪೆನ್ಸಿಲಿನಲ್ಲಿ ಬರೆದುಕೊಳ್ಳಿ. ಅವರಲ್ಲಿ ಯಾರ ಮನಸ್ಸಿನೊಳಗಿನ ಅನಿಸಿಕೆ ಪುಟದಲ್ಲಿದೆಯೋ, ಯಾರು ಪ್ರತಿ ಸಲವೂ ವಿವೇಕದ ಮಾತಾಡುತ್ತಾರೋ, ಸಾಮಾನ್ಯವಾಗಿ ಅವರೇ ಮೂಲ. ಇಲ್ಲವೇ ಅವರು ಮನಬಿಚ್ಚಿ ಹೇಳಿಕೊಂಡ ಆಪ್ತರು. ಕೋಣೆಯಲ್ಲಿ ಇಬ್ಬರೇ ಇದ್ದು, ಒಬ್ಬರು ತೀರಿಕೊಂಡಿದ್ದರೆ ಇನ್ನೂ ಎಚ್ಚರ ಬೇಕು. ಅಮೆರಿಕದ ಗುಪ್ತಚರ ಸಂಸ್ಥೆ ಸಿಐಎಯ ಮುಖ್ಯಸ್ಥರಾಗಿದ್ದ ವಿಲಿಯಂ ಕೇಸಿ ಆಸ್ಪತ್ರೆಯ ಹಾಸಿಗೆಯಲ್ಲಿ ತಮ್ಮೊಂದಿಗೆ ಮಾತಾಡಿದರೆಂದು ವುಡ್‌ವರ್ಡ್ 1987ರ ಪುಸ್ತಕದಲ್ಲಿ ಬರೆದರು. ಅಷ್ಟರಲ್ಲಿ ಕೇಸಿ ಇರಲಿಲ್ಲ, ಅವರ ಪತ್ನಿ ಅಂಥ ಭೇಟಿ ನಡೆದೇ ಇಲ್ಲವೆಂದರು. ಟ್ರಂಪ್ ಕುರಿತ 2020ರ ಪುಸ್ತಕದ ಸಂದರ್ಶನಗಳನ್ನು ಅದೇ ವುಡ್‌ವರ್ಡ್ ಅಧ್ಯಕ್ಷರ ಒಪ್ಪಿಗೆಯಿಂದಲೇ ಧ್ವನಿಮುದ್ರಿಸಿಕೊಂಡಿದ್ದರು. ಹಾಗಾಗಿ ಹಾಗೆ ಹೇಳಿದರೋ ಇಲ್ಲವೋ ಎಂಬ ವಾದಕ್ಕೇ ಜಾಗವಿರಲಿಲ್ಲ.

ಪ್ರಶ್ನೆ: ನಮ್ಮ ಊರಿನ ಮಾಜಿ ಸೈನಿಕರ ಬಗ್ಗೆ ಪುತ್ತರಿ ಹೊತ್ತಿಗೆ ಸ್ಮರಣ ಸಂಚಿಕೆ ತರುತ್ತಿದ್ದೇವೆ. 1971ರ ಯುದ್ಧದ ವೇಳೆ ನಿಕ್ಸನ್ ಭಾರತದ ಬಗ್ಗೆ ಆಡಿದ ಮಾತಿನ ಟೇಪುಗಳಿವೆ ಎಂದು ಕೇಳಿದ್ದೇವೆ. ಅವನ್ನು ಬಳಸಬಹುದೇ? ಎಲ್ಲಿ ಹುಡುಕಬೇಕು?
— ಸಂಪಾದಕ ಮಂಡಳಿಯವರು, ಗೋಣಿಕೊಪ್ಪಲು

ಉತ್ತರ: ಬಳಸಬಹುದು, ದುಡ್ಡೂ ಬೇಕಿಲ್ಲ. ಅಮೆರಿಕದ ವಿದೇಶಾಂಗ ಇಲಾಖೆಯ ಇತಿಹಾಸಕಾರರ ಕಚೇರಿಯ ಜಾಲತಾಣದಲ್ಲಿ ‘ಫಾರಿನ್ ರಿಲೇಷನ್ಸ್ ಆಫ್ ದಿ ಯುನೈಟೆಡ್ ಸ್ಟೇಟ್ಸ್’ ಎಂಬ ದಾಖಲೆ ಸಂಪುಟಗಳಿವೆ. ನಿಕ್ಸನ್-ಫೋರ್ಡ್ ಕಾಲಕ್ಕೆ ಹೋಗಿ 11ನೇ ಸಂಪುಟವನ್ನೂ ‘ಇ-7’ ಸಂಪುಟವನ್ನೂ ತೆರೆಯಿರಿ. ಎರಡೂ 2005ರಲ್ಲಿ ಪ್ರಕಟವಾದವು. ಮೊದಲನೆಯದು 1971ರ ಬಿಕ್ಕಟ್ಟಿಗೇ ಮೀಸಲು. ಇಂದಿರಾ ಗಾಂಧಿಯವರು ನವೆಂಬರ್ 4ರಂದು ನಿಕ್ಸನ್‌ರನ್ನು ಕಂಡ ಮರುದಿನ ಬೆಳಿಗ್ಗೆ ನಿಕ್ಸನ್ ಮತ್ತು ಕಿಸಿಂಜರ್ ಇಬ್ಬರೂ ಇಂದಿರಾ ಬಗ್ಗೆ ಕೀಳು ಮಾತಾಡಿದ ಸಂಭಾಷಣೆ ಎರಡನೆಯದರಲ್ಲಿದೆ. 1979ರ ಆತ್ಮಕಥನದಲ್ಲಿ ಕಿಸಿಂಜರ್, ಆ ಭೇಟಿಗಳ ಬಳಿಕ ನಿಕ್ಸನ್ ಆಡುತ್ತಿದ್ದ ಮಾತು ಎಲ್ಲವೂ ಅಚ್ಚು ಹಾಕುವಂಥದ್ದಲ್ಲ ಎಂದಷ್ಟೇ ಬರೆದು ದಾಟಿದ್ದರು. ತಾವೂ ದನಿಗೂಡಿಸಿದ್ದನ್ನು ಹೇಳಲಿಲ್ಲ. ಟೇಪಿನ ಪ್ರತಿ ಹೊರಬಂದ ಮೇಲೆ ವಿಷಾದ ವ್ಯಕ್ತಪಡಿಸಿದರು. ಒಳಗಿದ್ದವರ ಪುಸ್ತಕವೊಂದನ್ನೇ ಹಿಡಿದು ಇತಿಹಾಸ ಬರೆದರೆ ಏನು ತಪ್ಪಿಹೋಗುತ್ತದೆ ಎಂಬುದಕ್ಕೆ ಇದಕ್ಕಿಂತ ಒಳ್ಳೆಯ ಉದಾಹರಣೆ ನಮ್ಮ ಕಣ್ಣಿಗೆ ಬಿದ್ದಿಲ್ಲ.

ಪ್ರತಿ ದಾಖಲೆಯ ತಲೆಯಲ್ಲಿ ಅದು ಯಾವ ಬಗೆಯ ಕಾಗದ, ಸ್ಥಳ, ದಿನಾಂಕ, ಸಮಯ ಇರುತ್ತದೆ. ಮೊದಲ ಅಡಿಟಿಪ್ಪಣಿಯಲ್ಲಿ ಮೂಲ ಕಡತದ ವಿವರ. ನಡುವೆ ಚೌಕ ಆವರಣದಲ್ಲಿ ಇಷ್ಟು ಸಾಲು ಬಿಡುಗಡೆಯಾಗಿಲ್ಲ ಎಂದು ಕಂಡರೆ ಅಲ್ಲಿ ಗುಪ್ತಮಾಹಿತಿ ತೆಗೆದಿದ್ದಾರೆಂದು ಅರ್ಥ. ನಿಮ್ಮ ಊಹೆಯಿಂದ ಅದನ್ನು ತುಂಬಬೇಡಿ. ಟೇಪಿಗೆ ಎರಡು ಭಾಗದ ಸಂಖ್ಯೆ ಇರುತ್ತದೆ. ಮೊದಲನೆಯದು ಟೇಪಿನದು, ಎರಡನೆಯದು ಅದರೊಳಗಿನ ಸಂಭಾಷಣೆಯದು. ಎರಡನ್ನೂ ಗುರುತು ಹಾಕಿಕೊಂಡರೆ ನಿಕ್ಸನ್ ಗ್ರಂಥಾಲಯದ ಜಾಲತಾಣದಲ್ಲಿ ಅದೇ ಧ್ವನಿಯನ್ನು ಕೇಳಬಹುದು.

ಕೇಳಲೇಬೇಕು, ಏಕೆಂದರೆ ಬರಹದ ಪ್ರತಿಗಳು ಒಂದಕ್ಕೊಂದು ಹೊಂದದ ಕಡೆಗಳಿವೆ. ಶ್ವೇತಭವನದಲ್ಲಿ ಅಧ್ಯಕ್ಷರು ಕೂರುವ ಓವಲ್ ಕಚೇರಿಯಲ್ಲಿ ಏಳು ಮೈಕು ಅಡಗಿದ್ದವು, ಐದು ಮೇಜಿನಲ್ಲಿ, ಎರಡು ಅಗ್ಗಿಷ್ಟಿಕೆಯ ಬಳಿ. ಯಾರಾದರೂ ಮಾತು ಶುರುಮಾಡಿದ ಕೂಡಲೇ ಯಂತ್ರ ತಾನಾಗಿ ಓಡುತ್ತಿತ್ತು. ಟೇಪು ಉಳಿಸಲೆಂದು ತೀರಾ ನಿಧಾನ ವೇಗ ಇಟ್ಟಿದ್ದರಿಂದ ದೂರ ಕೂತವರ ಮಾತು ಕಲಸಿಹೋಗಿದೆ, ಮೇಜಿನ ಮೇಲೆ ಕಾಫಿ ಕಪ್ಪು ಇಟ್ಟರೆ ಒಂದೆರಡು ಪದ ಮುಳುಗುತ್ತವೆ. 1971ರ ಫೆಬ್ರವರಿಯಿಂದ 1973ರ ಜುಲೈವರೆಗೆ ಹೀಗೆ ಸುಮಾರು 3,700 ಗಂಟೆ ಸೇರಿತು. ಅಸ್ಪಷ್ಟವಾದ ಕಡೆ ‘ಕೇಳಿಸುವುದಿಲ್ಲ’ ಎಂದೇ ಅಚ್ಚು ಹಾಕಿ.

ಸ್ಮರಣ ಸಂಚಿಕೆಗಳಲ್ಲಿ ಹೆಚ್ಚು ಎಡವುವುದು ಸಮಯದಲ್ಲಿ. ನವೆಂಬರ್, ಡಿಸೆಂಬರ್‌ನಲ್ಲಿ ನಮ್ಮ ಗಡಿಯಾರ ವಾಷಿಂಗ್ಟನ್‌ಗಿಂತ ಹತ್ತೂವರೆ ಗಂಟೆ ಮುಂದೆ. ಅಲ್ಲಿನ ಡಿಸೆಂಬರ್ 3ರ ಬೆಳಿಗ್ಗೆ 11 ಎಂದರೆ ನಮ್ಮಲ್ಲಿ ಅದೇ ದಿನ ರಾತ್ರಿ 9.30. ಅಲ್ಲಿ ಮಧ್ಯಾಹ್ನ 2 ಆದರೆ ಇಲ್ಲಿ ಮರುದಿನ. ತಂತಿ ಸಂದೇಶಗಳಲ್ಲಿ ಸಮಯದ ಕೊನೆಯಲ್ಲಿ ‘ಝಡ್’ ಇದ್ದರೆ ಅದು ಗ್ರೀನಿಚ್ ಸಮಯ, ಐದೂವರೆ ಗಂಟೆ ಕೂಡಿಸಿ. ಮಾಜಿ ಸೈನಿಕರ ಸಂದರ್ಶನವನ್ನು ಈ ಕಾಗದ ತೋರಿಸುವ ಮೊದಲೇ ಮುಗಿಸಿಬಿಡಿ. ತೋರಿಸಿದ ಮೇಲೆ ಕೇಳಿದರೆ ಓದಿದ್ದು ಯಾವುದು, ಕಂಡಿದ್ದು ಯಾವುದು ಎಂದು ಅವರಿಗೇ ಬಿಡಿಸಲು ಬರುವುದಿಲ್ಲ.

ಅಮೆರಿಕ ಸರ್ಕಾರವೇ ಸಿದ್ಧಪಡಿಸಿದ ದಾಖಲೆಗೆ ಅಲ್ಲಿ ಕೃತಿಸ್ವಾಮ್ಯ ಇಲ್ಲ, ಅನುವಾದಿಸಿ ಹಾಕಬಹುದು. ಕಿಸಿಂಜರ್ ಪುಸ್ತಕಕ್ಕೆ ಇದೆ, ಅದರಿಂದ ಪುಟಗಟ್ಟಲೆ ಎತ್ತಬೇಡಿ. ಪತ್ರಕರ್ತ ಜ್ಯಾಕ್ ಆಂಡರ್ಸನ್ ಹೆಸರನ್ನು ಮರೆಯಬೇಡಿ. ಸರ್ಕಾರ ಹೊರಗೆ ತಟಸ್ಥ ಎನ್ನುತ್ತಿದ್ದಾಗ ಒಳಗಿನ ಸಭೆಗಳಲ್ಲಿ ಪಾಕಿಸ್ತಾನದ ಕಡೆ ವಾಲುವಂತೆ ಒತ್ತಾಯವಿತ್ತು ಎಂಬುದನ್ನು ಸಭೆಯ ಟಿಪ್ಪಣಿ ಸಮೇತ ಯುದ್ಧ ಮುಗಿದ ಬೆನ್ನಿಗೇ ಬಯಲು ಮಾಡಿ 1972ರ ಪುಲಿಟ್ಜರ್ ಪಡೆದವರು ಅವರು. ಟೇಪುಗಳಿಗೆ ನಾವು ಇನ್ನೂ ಮೂವತ್ತು ವರ್ಷ ಕಾಯಬೇಕಾಯಿತು.

ಪ್ರಶ್ನೆ: ಮೊರಾರ್ಜಿ ದೇಸಾಯಿ ಅಮೆರಿಕದ ಪತ್ರಕರ್ತನ ಮೇಲೆ ಹೂಡಿದ ಮಾನನಷ್ಟ ಮೊಕದ್ದಮೆ ಸೋತರಂತೆ. ಹಾಗಾದರೆ ಆರೋಪ ನಿಜವೆಂದಾಯಿತೇ?
— ನಿವೃತ್ತ ಶಿಕ್ಷಕರು, ಸೋಮವಾರಪೇಟೆ

ಉತ್ತರ: ಆಗಲಿಲ್ಲ. ಸೆಮೂರ್ ಹರ್ಷ್ 1983ರಲ್ಲಿ ಕಿಸಿಂಜರ್ ಬಗ್ಗೆ ಬರೆದ ಪುಸ್ತಕದಲ್ಲಿ ದೇಸಾಯಿಯವರು ಸಿಐಎಯಿಂದ ಹಣ ಪಡೆಯುತ್ತಿದ್ದರೆಂದು ಹೆಸರು ಹೇಳದ ಮೂಲಗಳನ್ನು ನಂಬಿ ಬರೆದರು. ದೇಸಾಯಿ ಷಿಕಾಗೊದಲ್ಲಿ ಐದು ಕೋಟಿ ಡಾಲರ್ ಪರಿಹಾರ ಕೇಳಿದರು. ಅಂಥದ್ದೇನೂ ತಮಗೆ ತಿಳಿದಿಲ್ಲವೆಂದು ಕಿಸಿಂಜರ್ ಸಾಕ್ಷಿ ಹೇಳಿದರು. ಆದರೂ 1989ರಲ್ಲಿ ಜ್ಯೂರಿ ಹರ್ಷ್ ಪರ ನಿಂತಿತು. ಅಲ್ಲಿ 1964ರ ಸುಪ್ರೀಂ ಕೋರ್ಟ್ ತೀರ್ಪಿನ ಪ್ರಕಾರ ಸಾರ್ವಜನಿಕ ವ್ಯಕ್ತಿ ದಾವೆ ಹೂಡಿದರೆ, ಬರೆದದ್ದು ಸುಳ್ಳೆಂದು ತೋರಿಸಿದರೆ ಸಾಲದು. ಸುಳ್ಳೆಂದು ಗೊತ್ತಿದ್ದೂ, ಇಲ್ಲವೇ ನಿಜವೋ ಸುಳ್ಳೋ ಎಂದು ಲೆಕ್ಕಿಸದೆ ಬರೆದರೆಂದು ರುಜುವಾತು ಮಾಡಬೇಕು. ಮೂಲದ ಹೆಸರೇ ಹೊರಬರದಿದ್ದಾಗ ಅದು ಬೆಟ್ಟ ಹತ್ತಿದಷ್ಟೇ ಕಷ್ಟ. ತೀರ್ಪು ಹೇಳಿದ್ದು ಇದನ್ನು ರುಜುವಾತು ಮಾಡಲಾಗಲಿಲ್ಲ ಎಂದು ಮಾತ್ರ.

ನಮ್ಮಲ್ಲಿ ಲೆಕ್ಕ ಬೇರೆ. ಭಾರತೀಯ ನ್ಯಾಯ ಸಂಹಿತೆಯ 356ನೇ ಕಲಮಿನಡಿ ಮಾನಹಾನಿ ಅಪರಾಧವೂ ಹೌದು. ಬರೆದದ್ದು ನಿಜ, ಸಾರ್ವಜನಿಕ ಹಿತಕ್ಕಾಗಿ ಬರೆದದ್ದು ಎಂದು ತೋರಿಸುವ ಹೊರೆ ಬರೆದವರ ಮೇಲೆ. ಅಮೆರಿಕದಲ್ಲಿ ದಕ್ಕಿದ್ದು ಇಲ್ಲಿ ದಕ್ಕೀತೆಂದು ಭಾವಿಸಿ ಅಲ್ಲಿನ ಪುಸ್ತಕದ ಆರೋಪವನ್ನು ಹಾಗೆಯೇ ಅನುವಾದಿಸಿ ಹಾಕಬೇಡಿ.

ಪ್ರಶ್ನೆ: ಆಫ್ ದಿ ರೆಕಾರ್ಡ್, ಬ್ಯಾಕ್‌ಗ್ರೌಂಡ್, ಡೀಪ್ ಬ್ಯಾಕ್‌ಗ್ರೌಂಡ್ — ಏನು ವ್ಯತ್ಯಾಸ?
— ಪತ್ರಿಕೋದ್ಯಮ ವಿದ್ಯಾರ್ಥಿನಿ, ವಿರಾಜಪೇಟೆ

ಉತ್ತರ: ಆನ್ ದಿ ರೆಕಾರ್ಡ್ ಎಂದರೆ ಹೆಸರು ಸಮೇತ ಬರೆಯಬಹುದು. ಬ್ಯಾಕ್‌ಗ್ರೌಂಡ್‌ನಲ್ಲಿ ಮಾತು ಬರುತ್ತದೆ, ಹೆಸರಿನ ಬದಲು ‘ಹಿರಿಯ ಅಧಿಕಾರಿಯೊಬ್ಬರು’ ಎಂದು. ಡೀಪ್ ಬ್ಯಾಕ್‌ಗ್ರೌಂಡ್‌ನಲ್ಲಿ ವಿಷಯ ಮಾತ್ರ, ಹೇಳಿದವರ ಸುಳಿವೂ ಇಲ್ಲ. ಆಫ್ ದಿ ರೆಕಾರ್ಡ್ ಆದರೆ ಬರೆಯುವಂತಿಲ್ಲ. ಒಬ್ಬೊಬ್ಬರು ಒಂದೊಂದು ಅರ್ಥ ಇಟ್ಟುಕೊಂಡಿರುತ್ತಾರೆ, ಆದ್ದರಿಂದ ಪದ ಹೇಳಿ ಬಿಡದೆ ‘ಇದನ್ನು ಬರೆಯಬಹುದೇ, ಹೆಸರು ಹಾಕಬಹುದೇ’ ಎಂದು ಬಿಡಿಸಿ ಕೇಳಿ, ಉತ್ತರವನ್ನು ನೋಟ್‌ಬುಕ್ಕಿನ ಆ ಪುಟದ ತಲೆಯಲ್ಲೇ ಬರೆದುಕೊಳ್ಳಿ. ಒಪ್ಪಂದ ಮಾತಿಗೆ ಮುಂಚೆ ಆಗಬೇಕು. ಎಲ್ಲ ಹೇಳಿಯಾದ ಮೇಲೆ ‘ಇದು ಆಫ್ ದಿ ರೆಕಾರ್ಡ್’ ಎಂದರೆ ನೀವು ಒಪ್ಪಲೇಬೇಕೆಂದಿಲ್ಲ. ನಿಕ್ಸನ್ ಅಧಿಕಾರ ಕಳೆದುಕೊಂಡ ವಾಟರ್‌ಗೇಟ್ ಹಗರಣದಲ್ಲಿ ವುಡ್‌ವರ್ಡ್‌ಗೆ ಗುಪ್ತಮೂಲವಾಗಿದ್ದ, ಎಫ್‌ಬಿಐನ ಮಾರ್ಕ್ ಫೆಲ್ಟ್ ಡೀಪ್ ಬ್ಯಾಕ್‌ಗ್ರೌಂಡ್‌ನಲ್ಲಿದ್ದವರು. 2005ರಲ್ಲಿ ಅವರ ಕಡೆಯಿಂದಲೇ ಬಯಲಾಗುವವರೆಗೂ ಅವರ ಹೆಸರನ್ನು ವುಡ್‌ವರ್ಡ್ ಹೇಳಲಿಲ್ಲ.

ಪ್ರಶ್ನೆ: ಅಧ್ಯಕ್ಷರ ಬಳಿ ಕೆಲಸ ಮಾಡಿದವರು ಪುಸ್ತಕ ಬರೆಯಲು ಯಾರ ಅಪ್ಪಣೆ ಬೇಕು?
— ಓದುಗರು, ಕುಶಾಲನಗರ

ಉತ್ತರ: ಗುಪ್ತ ಕಡತ ನೋಡುವ ಅಧಿಕಾರ ಪಡೆದವರು ಹಸ್ತಪ್ರತಿಯನ್ನು ಮೊದಲು ಸರ್ಕಾರಕ್ಕೆ ತೋರಿಸುವುದಾಗಿ ಬರೆದುಕೊಟ್ಟಿರುತ್ತಾರೆ. ತಪ್ಪಿಸಿದರೆ ಜೇಬಿಗೆ ಕತ್ತರಿ. ಸಿಐಎಯಲ್ಲಿದ್ದ ಫ್ರ್ಯಾಂಕ್ ಸ್ನೆಪ್ ಪುಸ್ತಕದಲ್ಲಿ ಗುಟ್ಟು ಹೊರಬಿದ್ದಿದೆ ಎಂದು ಸರ್ಕಾರ ವಾದಿಸಲೇ ಇಲ್ಲ. ಆದರೂ ತೋರಿಸದೆ ಪ್ರಕಟಿಸಿದ್ದಕ್ಕೆ ಗಳಿಕೆಯೆಲ್ಲ ಖಜಾನೆಗೆ ಸೇರಬೇಕೆಂದು 1980ರಲ್ಲಿ ಸುಪ್ರೀಂ ಕೋರ್ಟ್ ಹೇಳಿತು. 2020ರಲ್ಲಿ ಟ್ರಂಪ್ ಅವರ ಮಾಜಿ ಭದ್ರತಾ ಸಲಹೆಗಾರ ಜಾನ್ ಬೋಲ್ಟನ್ ಪುಸ್ತಕವನ್ನು ತಡೆಯಲು ನ್ಯಾಯಾಧೀಶರು ಒಪ್ಪಲಿಲ್ಲ, ಪ್ರತಿಗಳು ಆಗಲೇ ಎಲ್ಲೆಡೆ ಹಂಚಿಹೋಗಿದ್ದವು. ನಮ್ಮಲ್ಲೂ ಗುಪ್ತಚರ, ಭದ್ರತಾ ಸಂಸ್ಥೆಗಳಿಂದ ನಿವೃತ್ತರಾದವರು ಸಂಸ್ಥೆಗೆ ಸಂಬಂಧಿಸಿದ್ದನ್ನು ಪ್ರಕಟಿಸಲು ಮುಂಚಿತ ಅನುಮತಿ ಬೇಕೆಂದು 2021ರ ಪಿಂಚಣಿ ನಿಯಮ ಹೇಳುತ್ತದೆ. ಮೀರಿದರೆ ಪಿಂಚಣಿಗೇ ಕುತ್ತು.

ಪ್ರಶ್ನೆ: ಈಚಿನ ಅಧ್ಯಕ್ಷರ ಕಡತಗಳನ್ನು ನಾವೂ ಕೇಳಬಹುದೇ?
— ಕಾಲೇಜು ವಿದ್ಯಾರ್ಥಿ, ನಾಪೋಕ್ಲು

ಉತ್ತರ: ಕೇಳಬಹುದು, ಅಮೆರಿಕದ ಪ್ರಜೆಯೇ ಆಗಿರಬೇಕೆಂದಿಲ್ಲ. 1978ರ ಕಾಯ್ದೆಯಂತೆ ರೇಗನ್ ಕಾಲದಿಂದ ಅಧ್ಯಕ್ಷರ ಅಧಿಕೃತ ಕಾಗದ ಸರ್ಕಾರದ ಸ್ವತ್ತು. ಅವರು ಅಧಿಕಾರ ಬಿಟ್ಟ ಐದು ವರ್ಷದ ನಂತರ ಅರ್ಜಿ ಹಾಕಬಹುದು, ಕೆಲವು ಬಗೆಯವನ್ನು ಹನ್ನೆರಡು ವರ್ಷದವರೆಗೆ ತಡೆಹಿಡಿಯಬಹುದು. ‘ಭಾರತದ ಬಗ್ಗೆ ಇರುವುದೆಲ್ಲ’ ಎಂದು ಕೇಳಿದರೆ ಅರ್ಜಿ ವರ್ಷಗಟ್ಟಲೆ ಸಾಲಿನಲ್ಲಿ ಕೊಳೆಯುತ್ತದೆ. ಒಂದು ಭೇಟಿ, ಒಂದು ವಾರ, ಒಬ್ಬ ಅಧಿಕಾರಿಯ ಹೆಸರು ಹಾಕಿ. ಅದಕ್ಕೂ ಮೊದಲು ಆ ಅಧ್ಯಕ್ಷರ ಗ್ರಂಥಾಲಯದ ಜಾಲತಾಣದಲ್ಲಿ ಬೇರೆಯವರ ಅರ್ಜಿಗೆ ಆಗಲೇ ಬಿಟ್ಟುಕೊಟ್ಟ ಕಡತಗಳ ಪಟ್ಟಿ ನೋಡಿ. ನಿಮಗೆ ಬೇಕಾದ್ದು ಅದರಲ್ಲೇ ಇದ್ದರೂ ಇದ್ದೀತು.