ಮನಸ್ಸಿನಿಂದ ಬರೆದ ಬೀದಿ ಏಕೆ ಸೊಟ್ಟಗಾಗುತ್ತದೆ?

ಪ್ರಶ್ನೆ: ಡ್ರಾಯಿಂಗ್ ಹೈಯರ್ ಗ್ರೇಡ್ ಮುಗಿಸಿ ಎರಡು ವರ್ಷಗಳಿಂದ ಸ್ವಂತವಾಗಿ ಅಭ್ಯಾಸ ಮಾಡುತ್ತಿದ್ದೇನೆ. ಫೋಟೊ ನೋಡಿಕೊಂಡು ಬರೆದರೆ ಕಟ್ಟಡ, ಬೀದಿಗಳು ಸರಿಯಾಗಿಯೇ ಬರುತ್ತವೆ. ಆದರೆ ಕಥೆಗೆ ಚಿತ್ರ ಬರೆಯಲು ಕುಳಿತು ಮನಸ್ಸಿನಿಂದಲೇ ಒಂದು ಬೀದಿಯನ್ನು ರಚಿಸಿದರೆ ಅಂಚಿನ ಮನೆಗಳು ಹಿಡಿದೆಳೆದಂತೆ ಕಾಣುತ್ತವೆ, ಜನರು ನೆಲದ ಮೇಲೆ ನಿಲ್ಲದೆ ತೇಲುತ್ತಾರೆ. ಪರ್ಸ್‌ಪೆಕ್ಟಿವ್, ಅಂದರೆ ದೂರ-ಹತ್ತಿರವನ್ನು ಹಾಳೆಯ ಮೇಲೆ ತೋರಿಸುವ ನಿಯಮಗಳೆಲ್ಲ ಗೊತ್ತು. ಎಲ್ಲಿ ತಪ್ಪುತ್ತಿದ್ದೇನೆ, ಸರ್? ಫೋಟೊ ನೋಡುವುದನ್ನೇ ಬಿಟ್ಟುಬಿಡಬೇಕೆ?

ಉತ್ತರ: ನೀವು ಹೇಳಿರುವ ಎರಡು ದೋಷಗಳಿಗೂ ಮೂಲ ಒಂದೇ ಎಂದು ನನ್ನ ಅಂದಾಜು: ಬೀದಿಯನ್ನು ಕಲ್ಪಿಸಿಕೊಂಡಿದ್ದೀರಿ, ಆದರೆ ಅದನ್ನು ನೋಡುತ್ತಿರುವ ಕಣ್ಣು ಎಲ್ಲಿದೆ ಎಂಬುದನ್ನು ತೀರ್ಮಾನಿಸಿಲ್ಲ. ಎಷ್ಟು ಎತ್ತರದಿಂದ, ಎಷ್ಟು ದೂರದಿಂದ, ಯಾವ ಕಡೆಗೆ ಮುಖಮಾಡಿ ನೋಡಬೇಕೆಂಬುದನ್ನು ಫೋಟೊದಲ್ಲಿ ಕ್ಯಾಮೆರಾ ಹಿಡಿದವರು ನಿಮ್ಮ ಪರವಾಗಿ ಮೊದಲೇ ನಿರ್ಧರಿಸಿರುತ್ತಾರೆ. ಮನಸ್ಸಿನಿಂದ ಬರೆಯುವಾಗ ಆ ಕೆಲಸ ನಿಮ್ಮ ಪಾಲಿನದು. ಹಂಪಿಯ ವಿರೂಪಾಕ್ಷ ದೇವಾಲಯದೊಳಗೆ ಗೋಪುರದ ನೆರಳು ಗೋಡೆಯ ಮೇಲೆ ತಲೆಕೆಳಗಾಗಿ ಬೀಳುವುದನ್ನು ನೀವು ನೋಡಿರಬಹುದು. ಗೋಪುರದಿಂದ ಬರುವ ಬೆಳಕೆಲ್ಲ ಒಂದೇ ಸಣ್ಣ ಕಿಂಡಿಯ ಮೂಲಕ ನೇರವಾಗಿ ಹಾದು ಬರುವುದರಿಂದ ಆ ಚಿತ್ರ ಮೂಡುತ್ತದೆ. ಪರ್ಸ್‌ಪೆಕ್ಟಿವ್‌ನ ಜ್ಯಾಮಿತಿಯೂ ಇದೇ. ಅಲ್ಲಿ ಕಿಂಡಿಯ ಜಾಗದಲ್ಲಿ ಕಣ್ಣಿರುತ್ತದೆ, ಗೋಡೆಯ ಜಾಗದಲ್ಲಿ ಕಣ್ಣಿನ ಮುಂದೆ ಹಿಡಿದ ಹಾಳೆಯಿರುತ್ತದೆ, ಆದ್ದರಿಂದ ಚಿತ್ರ ತಲೆಕೆಳಗಾಗುವುದಿಲ್ಲ. ಕಿಂಡಿಯ ಸ್ಥಾನ ಬದಲಾದರೆ ಚಿತ್ರವೂ ಬದಲಾಗುತ್ತದೆ.

ಮೊದಲು ಎತ್ತರದ ವಿಚಾರ. ಅದೇ ಹಂಪಿಯ ಬಜಾರಿನಲ್ಲಿ ಗೋಪುರಕ್ಕೆ ಮುಖಮಾಡಿ ನಿಂತಿದ್ದೀರಿ, ನೆಲದಿಂದ ನಿಮ್ಮ ಕಣ್ಣಿಗೆ 150 ಸೆಂಟಿಮೀಟರ್ ಎಂದಿಟ್ಟುಕೊಳ್ಳಿ. ದಿಗಂತ ರೇಖೆಯೆಂದರೆ ನಿಮ್ಮ ಕಣ್ಣಿನ ಮಟ್ಟವೇ ಆಗಿರುವುದರಿಂದ, ಸಮತಟ್ಟಾದ ಆ ಬೀದಿಯಲ್ಲಿ ನಿಮ್ಮಷ್ಟೇ ಎತ್ತರದವರು ಹತ್ತು ಹೆಜ್ಜೆ ದೂರದಲ್ಲಿರಲಿ, ಇನ್ನೂರು ಹೆಜ್ಜೆ ದೂರದಲ್ಲಿರಲಿ, ಅವರ ಕಣ್ಣು ಆ ರೇಖೆಯ ಮೇಲೆಯೇ ಬರಬೇಕು. ದೂರ ಹೋದಂತೆ ಪಾದ ಮಾತ್ರ ರೇಖೆಯತ್ತ ಮೇಲೇರುತ್ತದೆ. ಹಾಳೆಯ ಮೇಲೆ ನೆಲದ ಯಾವ ಬಿಂದುವಿನಿಂದ ನೆಟ್ಟಗೆ ದಿಗಂತ ರೇಖೆಗೆ ಅಳೆದರೂ ಆ ಜಾಗದಲ್ಲಿ ಅದು 150 ಸೆಂಟಿಮೀಟರ್ ಎಂದೇ ಅರ್ಥ. ಒಂದು ಮೀಟರಿನ ಮಗು ಅದರ ಮೂರನೇ ಎರಡು ಭಾಗಕ್ಕೆ ಬರುತ್ತದೆ, ಮೂರು ಮೀಟರಿನ ಕಂಬ ರೇಖೆಯ ಕೆಳಗೆಷ್ಟೋ ಮೇಲೂ ಅಷ್ಟೇ ಇರುತ್ತದೆ. ನೋಡುವವರು ನೆಲದ ಮೇಲೆ ಕುಳಿತರೆ ರೇಖೆ ನಿಂತವರ ಸೊಂಟದ ಆಸುಪಾಸಿಗೆ ಇಳಿಯುತ್ತದೆ, ಪಕ್ಕದ ಮತಂಗ ಬೆಟ್ಟ ಹತ್ತಿದರೆ ಎಲ್ಲರ ತಲೆಯ ಮೇಲೆ ಹೋಗುತ್ತದೆ. ನಿಮ್ಮ ಜನರು ತೇಲುವುದು ತಲೆ ಮತ್ತು ಪಾದವನ್ನು ಬೇರೆ ಬೇರೆಯಾಗಿ ಊಹಿಸಿ ಇಡುವುದರಿಂದ. ಇಟಲಿಯ ಕಲಾಚಿಂತಕ ಆಲ್ಬರ್ಟಿ 1435ರಲ್ಲಿ ಈ ವಿದ್ಯೆಯನ್ನು ಬರಹಕ್ಕಿಳಿಸಿದಾಗಲೂ ಅವನ ಅಳತೆಗೋಲು ಚಿತ್ರದಲ್ಲಿ ನಿಂತ ಮನುಷ್ಯನ ಎತ್ತರವೇ ಆಗಿತ್ತು.

ಇನ್ನು ದೂರ. ಅಂಚಿನ ಮನೆಗಳು ಎಳೆದಂತಾಗುವುದಕ್ಕೆ ಇದೇ ಕಾರಣ, ಮತ್ತು ಈ ತಪ್ಪನ್ನು ಕಲಿಸಿದವರು ನಮ್ಮಂಥ ಮೇಷ್ಟರುಗಳೇ ಎಂದು ಒಪ್ಪಿಕೊಳ್ಳುತ್ತೇನೆ: ಕಪ್ಪುಹಲಗೆಯಲ್ಲಿ ತೋರಿಸುವ ಅನುಕೂಲಕ್ಕಾಗಿ ಮನೆಯ ಎರಡು ಬದಿಗಳ ಹಿಂದಕ್ಕೆ ಸರಿಯುವ ರೇಖೆಗಳು ಸೇರುವ ಎರಡೂ ಬಿಂದುಗಳನ್ನು ಚಿತ್ರದ ಚೌಕಟ್ಟಿನೊಳಗೇ ಇಟ್ಟುಬಿಡುತ್ತೇವೆ. ಲೆಕ್ಕ ಹಾಕಿ ನೋಡಿ. ಕಣ್ಣಿನಿಂದ ಮುಂದಕ್ಕೆ ಹರಡಿಕೊಳ್ಳುವ ನೋಟದ ಶಂಕುವನ್ನು ಸುಮಾರು 60 ಡಿಗ್ರಿಯೊಳಗೆ ಇಟ್ಟುಕೊಂಡರೆ ಆಕಾರಗಳು ಸಹಜವಾಗಿ ಕಾಣುತ್ತವೆ ಎಂಬುದು ರೂಢಿಯ ಮಾತು. ಅಡ್ಡ ಹಿಡಿದ ಎ4 ಹಾಳೆಯ ನಡುವಿನಿಂದ ಮೂಲೆಗೆ 18 ಸೆಂಟಿಮೀಟರ್ ಇರುವುದರಿಂದ, ಇಡೀ ಹಾಳೆ ಆ ಶಂಕುವಿನೊಳಗೆ ಬರಬೇಕಾದರೆ ಕಣ್ಣು ಹಾಳೆಯಿಂದ ಸುಮಾರು 31 ಸೆಂಟಿಮೀಟರ್ ದೂರದಲ್ಲಿರಬೇಕು. ಆಗ 45 ಡಿಗ್ರಿ ತಿರುಗಿ ನಿಂತ ಮನೆಯ ಎರಡು ಬಿಂದುಗಳು ನಡುವಿನಿಂದ ಆಚೀಚೆ ತಲಾ 31 ಸೆಂಟಿಮೀಟರಿಗೆ, ಅಂದರೆ ಎರಡೂ ಹಾಳೆಯ ಹೊರಗೇ ಬೀಳುತ್ತವೆ. ಹಾಳೆಯನ್ನು ಮೇಜಿಗೆ ಅಂಟಿಸಿ, ಆ ಬಿಂದುಗಳನ್ನು ಮೇಜಿನ ಮೇಲೆಯೇ ಗುರುತಿಸಿ, ಅಲ್ಲಿ ಒಂದು ತುದಿ ಅಂಟಿಸಿದ ದಾರವನ್ನು ಬಿಗಿಯಾಗಿ ಎಳೆದು ಅದರ ಗುಂಟ ಗೆರೆ ಹಾಕಿ. ಇಂಥ ನಾಲ್ಕಾರು ಚಿತ್ರಗಳಾದ ಮೇಲೆ ದಾರವಿಲ್ಲದೆಯೂ ಕೈ ಆ ವಾಲಿಕೆಯನ್ನು ಹಿಡಿಯತೊಡಗುತ್ತದೆ.

ಕಲ್ಪನೆಯನ್ನು ಪಳಗಿಸುವ ಅಭ್ಯಾಸಕ್ಕೆ ಬೆಂಕಿಪೊಟ್ಟಣಕ್ಕಿಂತ ಒಳ್ಳೆಯ ವಸ್ತು ನನಗೆ ಸಿಕ್ಕಿಲ್ಲ. ಅದನ್ನು ಅರ್ಧ ನಿಮಿಷ ನೋಡಿ, ಜೇಬಿಗೆ ಹಾಕಿಕೊಂಡು, ನೀವು ನೋಡದಿದ್ದ ಭಂಗಿಯಲ್ಲಿ, ಒಳಗಿನ ತಟ್ಟೆ ಅರ್ಧ ತೆರೆದಿರುವಂತೆ ಬರೆಯಿರಿ. ಆಮೇಲೆ ಪೊಟ್ಟಣವನ್ನು ಅದೇ ಭಂಗಿಯಲ್ಲಿಟ್ಟು, ಒಂದು ಕಣ್ಣು ಮುಚ್ಚಿ ಹೋಲಿಸಿ. ಬಹುತೇಕರಲ್ಲಿ ಹಿಂದಕ್ಕೆ ಸರಿಯುವ ಅಂಚು ಇರಬೇಕಾದುದಕ್ಕಿಂತ ಉದ್ದವಾಗಿರುತ್ತದೆ, ಏಕೆಂದರೆ ಕಣ್ಣಿಗೆ ಕಾಣುವ ಉದ್ದಕ್ಕಿಂತ ಪೊಟ್ಟಣದ ನಿಜವಾದ ಉದ್ದವೇ ಮನಸ್ಸಿನಲ್ಲಿ ಕೂತಿರುತ್ತದೆ. ತಿದ್ದಬೇಡಿ, ಪಕ್ಕದಲ್ಲಿ ಹೊಸದಾಗಿ ಬರೆಯಿರಿ. ಓರೆಯಿಂದ ನೋಡಿದಾಗ ಅಂಡಾಕಾರವಾಗಿ ಕಾಣುವ ಬಾವಿಕಟ್ಟೆ, ಗಾಡಿಯ ಚಕ್ರಗಳಿಗೆ ಬಂದಾಗ ವೃತ್ತದ ನಡುವಿನಿಂದ ಲಂಬವಾಗಿ ಹಾದುಹೋಗುವ ಅಚ್ಚಿನ ರೇಖೆಯೂ ಅಂಡಾಕಾರದ ಗಿಡ್ಡ ಅಕ್ಷವೂ ಒಂದೇ ನೇರಕ್ಕೆ ಇರಬೇಕೆಂಬುದನ್ನು ನೆನಪಿಟ್ಟರೆ ಸದ್ಯಕ್ಕೆ ಸಾಕು.

ಫೋಟೊವನ್ನು ಬಿಡಬೇಕಾಗಿಲ್ಲ, ಅದನ್ನು ನಕಲು ಮಾಡುವುದನ್ನು ಮಾತ್ರ ಸ್ವಲ್ಪ ಕಡಿಮೆ ಮಾಡಿ. ಒಂದು ಬೀದಿಯ ಫೋಟೊ ತೆಗೆದುಕೊಂಡು ಅದರಲ್ಲಿ ದಿಗಂತ ರೇಖೆಯನ್ನು ಹುಡುಕಿ, ಮನೆಗಳ ಅಗಲ ಮತ್ತು ಅಂತರವನ್ನು ಅಂದಾಜು ಮಾಡಿ, ಮೇಲಿನಿಂದ ನೋಡಿದಂತೆ ಒಂದು ನಕ್ಷೆ ಹಾಕಿ. ಬಳಿಕ ಫೋಟೊವನ್ನು ಮಗುಚಿಟ್ಟು, ಅದೇ ಬೀದಿಯನ್ನು ಎದುರು ಮನೆಯ ತಾರಸಿಯಿಂದ ನೋಡಿದಂತೆ ನಕ್ಷೆಯ ಆಧಾರದಲ್ಲಿ ಬರೆಯಿರಿ. ಮೈಸೂರು ಶೈಲಿಯ ಸಾಂಪ್ರದಾಯಿಕ ಚಿತ್ರಗಳಲ್ಲಿ ದೇವರು ಗಾತ್ರದಲ್ಲಿ ದೊಡ್ಡವನಾಗುವುದು ಮಹಿಮೆಯಿಂದ, ಹತ್ತಿರವಿರುವುದರಿಂದಲ್ಲ. ಅಂಥ ಚಿತ್ರ ಬರೆಯುವುದಿದ್ದರೆ ಈ ದಾರ, ಲೆಕ್ಕ ಯಾವುದೂ ಬೇಕಿಲ್ಲ. ನಿಮ್ಮ ಕಥೆಯ ಬೀದಿಯಲ್ಲಿ ಓದುಗನನ್ನು ನಿಲ್ಲಿಸಬೇಕೆಂದಿದ್ದರೆ, ಮೊದಲ ಗೆರೆ ಹಾಕುವ ಮುನ್ನ ಹಾಳೆಯ ಮೂಲೆಯಲ್ಲಿ ಆತನ ಕಣ್ಣಿನ ಎತ್ತರವನ್ನೂ ದೂರವನ್ನೂ ಅಂಕಿಯಲ್ಲಿ ಬರೆದಿಟ್ಟುಕೊಳ್ಳಿ.