ಗ್ವಾದಲಹಾರಕ್ಕೆ ಬರುವ ತಮ್ಮನಿಗೆ

ತಮ್ಮಾ, ಒಡಹುಟ್ಟಿದವನಲ್ಲದಿದ್ದರೂ ಅಕ್ಕಾ ಅಂತ ಕರೆದು, ಮೆಕ್ಸಿಕೋದ ಗ್ವಾದಲಹಾರದಲ್ಲಿ ಕೆಲಸ ಸಿಕ್ಕಿದೆ, ಅಲ್ಲಿ ರೊಟ್ಟಿಗೆ ಏನು ಮಾಡ್ತೀರಿ ಅಂತ ಕೇಳಿದ್ದೀಯ. ನಮ್ಮ ಬಿಳಿಜೋಳದ ಹಿಟ್ಟು ಇಲ್ಲಿ ಸುಲಭಕ್ಕೆ ಸಿಗುವುದಿಲ್ಲ. ಬಾಡಿಗೆ, ಬ್ಯಾಂಕು ಎಲ್ಲ ಆಫೀಸಿನವರು ಹೇಳಿಕೊಡುತ್ತಾರೆ. ಸ್ಪ್ಯಾನಿಷ್ ಮಾತ್ರ ಇವತ್ತೇ ಶುರು ಮಾಡು. ಹೋಟೆಲಿನಲ್ಲಿ ಬೇಯಿಸಿ ಹಿಸುಕಿದ ಕಾಳಿಗೆ ಹಂದಿ ಕೊಬ್ಬು ಹಾಕಿರುತ್ತಾರೆ, ಕೇಳಿಯೇ ತಿನ್ನು.

ನಾನು 2009ರಲ್ಲಿ ಬಂದಾಗ ಆರು ತಿಂಗಳು ಪ್ಯಾಕೆಟ್ ಟೋರ್ಟಿಯಾ, ಅಂದರೆ ಇಲ್ಲಿನ ಮೆಕ್ಕೆಜೋಳದ ರೊಟ್ಟಿ, ತಿಂದು, ಇದೇನು ರಟ್ಟಿನ ಹಾಗಿದೆ ಅಂದುಕೊಂಡಿದ್ದೆ. ಒಂದು ಬೆಳಿಗ್ಗೆ ಹಿಂದಿನ ಬೀದಿಯಿಂದ ರೊಟ್ಟಿ ಸುಡುವ ವಾಸನೆ ಬಂತು. ಹೋಗಿ ನೋಡಿದರೆ ಒಂದು ಟೋರ್ಟಿಯಾ ಅಂಗಡಿ, ಅಜ್ಜಿ, ಮಗಳು, ಮೊಮ್ಮಗ ಮೂವರೂ ಹಂಚಿನ ಮುಂದೆ. ರಾತ್ರಿಯೇ ಮೆಕ್ಕೆಜೋಳವನ್ನು ಸುಣ್ಣದ ನೀರಿನಲ್ಲಿ ಕುದಿಸಿ ನೆನೆಯಲು ಬಿಡುತ್ತಾರೆ. ಕಿಲೋ ಕಾಳಿಗೆ 10 ಗ್ರಾಂ ಸುಣ್ಣ ಸಾಕು. ನಸುಕಿನಲ್ಲಿ ತೊಳೆದರೆ ಸಿಪ್ಪೆ ಜಾರಿ ಹೋಗುತ್ತದೆ. ಇದಕ್ಕೆ ನಿಷ್ಟಮಾಲ್ ಅನ್ನುತ್ತಾರೆ. ಆಮೇಲೆ ರುಬ್ಬಿ ಹಿಟ್ಟು ಮಾಡುವುದು. ಎಸರು ಹಾಕದೆ ನಾದಿದರೆ ನಮ್ಮ ರೊಟ್ಟಿ ಹರಿಯುತ್ತದೆ ಅಲ್ವಾ? ಇಲ್ಲಿ ಹಿಟ್ಟಿಗೆ ಜಿಗುಟು ಕೊಡುವುದು ಸುಣ್ಣ. ಕಾಳಿನೊಳಗಿನ ಒಂದು ಜೀವಸತ್ವ ಮೈಗೆ ಹತ್ತುವುದೂ ಅದರಿಂದಲೇ. ಇಟಲಿಗೆ ಮೆಕ್ಕೆಜೋಳ ಹೋಯಿತು, ಸುಣ್ಣದ ವಿದ್ಯೆ ಹೋಗಲಿಲ್ಲ. ಅದನ್ನೇ ತಿಂದು ಬದುಕಿದ ಬಡವರಿಗೆ ಆ ಜೀವಸತ್ವ ಸಿಗದೆ ಪೆಲಾಗ್ರ ಅನ್ನುವ ರೋಗ ಬಂತು. ಇದು ನಾನು ಓದಿ ತಿಳಿದದ್ದು. ಅಜ್ಜಿಗೆ ಅವರ ಅಜ್ಜಿ ಕೈಯಲ್ಲಿ ಮಾಡಿ ತೋರಿಸಿದ್ದಷ್ಟೇ.

2014ರಲ್ಲಿ ನಮ್ಮವ್ವ ಬಂದು ಎರಡು ತಿಂಗಳು ಇದ್ದಳು. ನಿನ್ನ ತಾಯಿಯನ್ನು ಕರೆದುಕೊಂಡು ಬಾ, ಅವರು ರೊಟ್ಟಿ ತಟ್ಟುವುದನ್ನು ನೋಡಬೇಕು ಅಂತ ಅಜ್ಜಿ ಹೇಳುತ್ತಲೇ ಇದ್ದರು. ಈ ಶನಿವಾರ, ಮುಂದಿನ ಶನಿವಾರ ಅಂತ ಎಂಟು ಶನಿವಾರ ಕಳೆದೆ. ಆಫೀಸಿನ ಕೆಲಸ ಜಾಸ್ತಿ ಇತ್ತು. ಬಿಡುವಾದಾಗ ಅವ್ವನನ್ನು ಮಾಲ್‌ಗೆ ಕರೆದುಕೊಂಡು ಹೋದೆ. ಸುಮ್ನೆ ಎರಡು ಬೀದಿ ನಡೆದಿದ್ದರೆ ಆಗಿತ್ತು. ಇಬ್ಬರೂ ಹಿಟ್ಟು ಮುಟ್ಟಿ ಹದ ಹೇಳುವವರು, ಭಾಷೆ ಯಾಕೆ ಬೇಕಿತ್ತು?

ಊರಿಗೆ ಹೋದ ಮರುವರ್ಷ ಅವ್ವ ತೀರಿಕೊಂಡಳು. ಸುದ್ದಿ ಹೇಳಿದಾಗ ಅಜ್ಜಿ ಏನೂ ಮಾತಾಡಲಿಲ್ಲ. ಹಂಚಿನ ಮೇಲಿನ ಬಿಸಿ ಟೋರ್ಟಿಯಾಗೆ ಉಪ್ಪು ಹಚ್ಚಿ, ಸುರುಳಿ ಸುತ್ತಿ ನನ್ನ ಕೈಗೆ ಕೊಟ್ಟರು.

ಈಗ ಮೊಮ್ಮಗ ಅಂಗಡಿ ನಡೆಸುತ್ತಾನೆ. ಅಜ್ಜಿ ಬಾಗಿಲ ಹತ್ತಿರ ಕುರ್ಚಿ ಹಾಕಿಕೊಂಡು ಕೂರುತ್ತಾರೆ. ನಿಮ್ಮ ಅಮ್ಮ ಬಂದರೆ ಮೊದಲ ವಾರವೇ ಕರೆದುಕೊಂಡು ಬಾ. ಮನೆಯಿಂದ ಒಂದು ದಪ್ಪ ಬಟ್ಟೆ ತಾ, ಟೋರ್ಟಿಯಾ ಅದರಲ್ಲೇ ಸುತ್ತಿ ಕೊಡುತ್ತಾರೆ.