ತೋಟೆಯ ಏಟು ಬೀಳುವುದು ಯಾರಿಗೆ?

ಕುಂದಾಪುರದ ಓದುಗರ ಪತ್ರ: “ಫಿಲಿಪ್ಪೀನ್ಸ್‌ನ ಹವಳದ ದಿಬ್ಬಗಳ ಲೇಖನ ಓದಿದೆ. ಹೊಟ್ಟೆಪಾಡಿಗೆ ಕಡಲಲ್ಲಿ ತೋಟೆ (ಸಿಡಿಮದ್ದು) ಸಿಡಿಸಿ ಮೀನು ಹಿಡಿಯುವ ಬಡವನಿಗೆ ಹವಳದ ಪಾಠ ಹೇಳಿದರೆ ಅವನ ಮನೆಯ ಒಲೆ ಉರಿಯುತ್ತದಾ?”

ಸಂಪಾದಕರ ಉತ್ತರ:

ಪಾಠದಿಂದ ಒಲೆ ಉರಿಯುವುದಿಲ್ಲ, ಒಪ್ಪಿದೆ. ಆದರೆ ಆ ತೋಟೆಯ ಏಟು ಮೊದಲು ಬೀಳುವುದು ಪಕ್ಕದ ದೋಣಿಯಲ್ಲಿ ಗಾಳ ಹಾಕಿ ಕೂತ ಇನ್ನೊಬ್ಬ ಬಡವನಿಗೆ.

ಅದು ಹೇಗೆ ಅಂತೀರಾ? ಬಾಟಲಿಗೆ ಗೊಬ್ಬರದ ಅಮೋನಿಯಂ ನೈಟ್ರೇಟ್, ಸೀಮೆಎಣ್ಣೆ ತುಂಬಿ, ಬತ್ತಿ ಹಚ್ಚಿ ಎಸೆಯುತ್ತಾರೆ. ಹೊಡೆತಕ್ಕೆ ಮೀನಿನ ಒಳಗಿನ ಗಾಳಿಚೀಲ ಒಡೆಯುತ್ತದೆ. ಒಂದಷ್ಟು ಮೀನು ತೇಲುತ್ತದೆ, ಎಷ್ಟೋ ಮೀನು ತಳ ಸೇರಿ ಸುಮ್ನೆ ಹಾಳು. ಕೈ ಕಳೆದುಕೊಂಡ ಮೀನುಗಾರರೂ ಇದ್ದಾರೆ. ಹವಳವಂತೂ ಪುಡಿಯಾಗಿ ಜಲ್ಲಿಯ ಹಾಗೆ ಹರಡಿಬಿಡುತ್ತದೆ. ಅಲೆ ಬಂದಾಗಲೆಲ್ಲ ಆ ಚೂರುಗಳು ಉರುಳುತ್ತವೆ. ಅವುಗಳ ಮೇಲೆ ಹೊಸದಾಗಿ ಕೂತ ಹವಳ ಬೇರೂರುವುದಕ್ಕೇ ಆಗುವುದಿಲ್ಲ. ಹವಳ ಇಲ್ಲದ ಕಡೆ ಮರಿಮೀನಿಗೆ ಅಡಗಲು ಜಾಗ ಎಲ್ಲಿ?

ನೀರಿಗೆ ಸೈನೈಡ್ ವಿಷ ಬಿಟ್ಟು, ಮತ್ತು ಬಂದ ಮೀನನ್ನು ಜೀವಂತ ಹಿಡಿಯುವ ಕತೆ ಬೇರೆ. 1960ರ ದಶಕದಲ್ಲಿ ಅದು ಅಲ್ಲಿ ಶುರುವಾಗಿದ್ದು ಅಕ್ವೇರಿಯಂ ಮೀನಿಗಾಗಿ. ಆಮೇಲೆ ಹಾಂಗ್‌ಕಾಂಗ್ ಹೋಟೆಲುಗಳ ಜೀವಂತ ಮೀನಿಗಾಗಿ. ಇದರಲ್ಲಿ ಹೊಟ್ಟೆಪಾಡು ಯಾರದು, ಲಾಭ ಯಾರದು, ನೀವೇ ಹೇಳಿ.

ಫಿಲಿಪ್ಪೀನ್ಸ್‌ನ ಸುಮಿಲೋನ್ ಅನ್ನೋ ಪುಟ್ಟ ದ್ವೀಪವನ್ನೇ ನೋಡಿ. ವಿಜ್ಞಾನಿ ಏಂಜೆಲ್ ಅಲ್ಕಾಲಾ ಅವರ ಪ್ರಯತ್ನದಿಂದ 1974ರಲ್ಲಿ ಅಲ್ಲಿನ ಹವಳದ ಸುಮಾರು ಕಾಲು ಭಾಗದಲ್ಲಿ ಮೀನುಗಾರಿಕೆ ನಿಂತಿತು. ಹತ್ತು ವರ್ಷದ ನಂತರ ಸ್ಥಳೀಯ ರಾಜಕೀಯದಲ್ಲಿ ಆ ಕಾವಲು ಮುರಿದುಬಿತ್ತು. ತೋಟೆ ಬಂತು. ಹಗ್ಗಕ್ಕೆ ಕಲ್ಲು ಕಟ್ಟಿ ಹವಳ ಕುಟ್ಟುತ್ತಾ ಮೀನನ್ನು ಬಲೆಗೆ ಅಟ್ಟುವವರೂ ಬಂದರು. ಎರಡೇ ವರ್ಷದಲ್ಲಿ ಊರವರಿಗೆ ಸಿಗುವ ಮೀನು ಅರ್ಧಕ್ಕಿಳಿಯಿತು. ಹಿಡಿಯುವ ಜಾಗವೇನೋ ಜಾಸ್ತಿಯಾಗಿತ್ತು, ಅಲ್ವಾ?

ಹತ್ತಿರದ ಆಪೋ ದ್ವೀಪದವರು ಮಾಡಿದ್ದು ಬೇರೆ. 1980ರ ದಶಕದಲ್ಲಿ ತಮ್ಮ ಕಡಲಿನ ಒಂದು ತುಂಡನ್ನು ತಾವೇ ಮುಚ್ಚಿದರು, ತಾವೇ ಕಾವಲು ನಿಂತರು. ತೋಟೆ ಸಿಡಿಸಬಾರದು ಅನ್ನೋ ಕಾನೂನು ದೇಶದಲ್ಲಿ ಮೊದಲೇ ಇತ್ತು, ಆದರೆ ಅದನ್ನು ಜಾರಿ ಮಾಡಿದ್ದು ಗಾಳ ಹಾಕಿ ಬದುಕುವ ಇದೇ ಬಡವರು. ಬರುವ ಪ್ರವಾಸಿಗರಿಂದ ಈಗ ಶುಲ್ಕವೂ ಸಿಗುತ್ತಿದೆ.

ನಿಮ್ಮ ಕರಾವಳಿಯಲ್ಲೂ ಬುಲ್ ಟ್ರಾಲಿಂಗ್ (ಎರಡು ದೋಣಿ ಸೇರಿ ಒಂದೇ ಬಲೆ ಎಳೆಯುವುದು), ಲೈಟ್ ಫಿಶಿಂಗ್‌ಗೆ (ದೀಪದ ಬೆಳಕಿಗೆ ಮೀನು ಸೆಳೆದು ಹಿಡಿಯುವುದು) ನಿಷೇಧ ಇದೆ. ಆದರೂ ಅವು ನಿಂತಿಲ್ಲ ಅಂತ ನಾಡದೋಣಿಯವರು ಬೀದಿಗಿಳಿಯುತ್ತಲೇ ಇದ್ದಾರೆ. ಅವರನ್ನು ಮಾತಾಡಿಸಿ, ಹೇಳಿದ್ದನ್ನು ಬರೆದು ಕಳಿಸಿ. ಜಾಗ ಕೊಡುತ್ತೇನೆ.